ಜಿರಾಫೆಯ ಕತ್ತು, ಚಿಗರಿಯ ಕೊಂಬು

ದಾವಣಗೆರೆಯ ಯಾವುದೇ ಶಾಲೆಯ ಒಂದನೇ ತರಗತಿಗೆ ಹೋಗಿ ಜಿರಾಫೆಯ ಚಿತ್ರ ತೋರಿಸಿ, ಮಕ್ಕಳೆಲ್ಲ ಒಂದೇ ಉಸಿರಿಗೆ ಹೆಸರು ಕೂಗುತ್ತಾರೆ. ಕೃಷ್ಣಮೃಗದ ಚಿತ್ರ ತೋರಿಸಿದರೆ ‘ಜಿಂಕೆ’ ಅನ್ನುತ್ತಾರೆ. ಕೊಂಡುಕುರಿಯ ಚಿತ್ರ ಹಿಡಿದರೆ ಮಕ್ಕಳಿರಲಿ, ಮೇಷ್ಟ್ರೂ ತಲೆ ಕೆರೆದುಕೊಳ್ಳಬೇಕು. ಜಿರಾಫೆಯ ತವರು ಆಫ್ರಿಕ. ಕೃಷ್ಣಮೃಗ ಇರುವುದು ಹರಿಹರದಲ್ಲಿ ಹೊಳೆ ದಾಟಿ ಹೆದ್ದಾರಿ ಹಿಡಿದರೆ ಅರ್ಧ–ಮುಕ್ಕಾಲು ಗಂಟೆಯ ದಾರಿಯಲ್ಲಿ, ರಾಣೆಬೆನ್ನೂರಿನ ಬಯಲಿನಲ್ಲಿ. ಕೊಂಡುಕುರಿಯಂತೂ ನಮ್ಮದೇ ಜಿಲ್ಲೆಯದು. ಜಗಳೂರು ತಾಲ್ಲೂಕಿನ ರಂಗಯ್ಯನದುರ್ಗದ ಗುಡ್ಡಗಳಲ್ಲಿ ಅದಕ್ಕೆಂದೇ ಅಭಯಾರಣ್ಯವಿದೆ.

ಮೂರೂ ಸೀಳು ಗೊರಸಿನ, ಮೆಲುಕು ಹಾಕುವ ಪ್ರಾಣಿಗಳು. ಮೂರೂ ಮಾಂಸಾಹಾರಿಗಳ ಬಾಯಿಂದ ತಪ್ಪಿಸಿಕೊಂಡು ಬದುಕಬೇಕಾದವು. ತಪ್ಪಿಸಿಕೊಳ್ಳುವ ದಾರಿ ಮಾತ್ರ ಬೇರೆ ಬೇರೆ: ಒಂದು ಎತ್ತರದಿಂದ ದೂರ ನೋಡುತ್ತದೆ, ಇನ್ನೊಂದು ಓಡುತ್ತದೆ, ಮತ್ತೊಂದು ಅಡಗುತ್ತದೆ. ನಮ್ಮ ಪ್ರೀತಿಯೂ ಇದೇ ಲೆಕ್ಕದಲ್ಲಿ ಹಂಚಿಹೋಗಿದೆ ಎನ್ನುವುದು ನನ್ನ ವಾದ. ಎತ್ತರದ್ದಕ್ಕೆ ಮನಸಾರೆ, ಓಡುವುದಕ್ಕೆ ಅಷ್ಟಿಷ್ಟು, ಅಡಗುವುದಕ್ಕೆ ಇಲ್ಲವೇ ಇಲ್ಲ.

ಜಿರಾಫೆಯಿಂದಲೇ ಶುರು ಮಾಡೋಣ. ಮೈಸೂರಿನ ಶ್ರೀ ಚಾಮರಾಜೇಂದ್ರ ಮೃಗಾಲಯ 1892ರದು. ಡಿಸೆಂಬರ್ ಬಂತೆಂದರೆ ಮಧ್ಯ ಕರ್ನಾಟಕದ ಶಾಲೆಗಳ ಪ್ರವಾಸದ ಬಸ್ಸುಗಳು ರಾತ್ರಿ ಹೊರಟು, ಸುಮಾರು 300 ಕಿಲೋಮೀಟರ್ ದಾಟಿ, ನಸುಕಿಗೆ ಮೈಸೂರು ಮುಟ್ಟುತ್ತವೆ. ಮೃಗಾಲಯದಲ್ಲಿ ಹುಲಿ ಮೂಲೆಯಲ್ಲಿ ಮಲಗಿರುತ್ತದೆ, ಕರಡಿ ಬೆನ್ನು ತಿರುಗಿಸಿರುತ್ತದೆ, ಚಿರತೆ ಎಲ್ಲಿದೆಯೆಂದು ಹುಡುಕುವಷ್ಟರಲ್ಲಿ ಮೇಷ್ಟ್ರು ಮುಂದೆ ನಡೆಯಿರಿ ಅನ್ನುತ್ತಾರೆ. ಜಿರಾಫೆಯ ಮುಂದೆ ಮಾತ್ರ ಸಾಲು ಕರಗುವುದೇ ಇಲ್ಲ. ಹಿಂದಿನ ಸಾಲಿನ ಗಿಡ್ಡ ಹುಡುಗನಿಗೂ ಅದು ಪೂರ್ತಿ ಕಾಣುತ್ತದೆ, ಅದಕ್ಕೆ ಅಡಗಿಕೊಳ್ಳಲು ಬರುವುದಿಲ್ಲ. ಅದರ ಜನಪ್ರಿಯತೆಯ ಅರ್ಧ ಗುಟ್ಟು ಇಷ್ಟೇ. ಮೈಸೂರಿನಲ್ಲಿ ಜಿರಾಫೆಗಳು ಹಿಂದಿನಿಂದಲೂ ಮರಿ ಹಾಕಿಕೊಂಡು ಬಂದಿವೆ. 2018ರಲ್ಲಿ ಬನ್ನೇರುಘಟ್ಟಕ್ಕೆ ಜಿರಾಫೆ ಹೋದದ್ದು ಇಲ್ಲಿಂದಲೇ.

ಬೆಳೆದ ಗಂಡು ಜಿರಾಫೆ 18 ಅಡಿ ಮುಟ್ಟುತ್ತದೆ, ಅದರಲ್ಲಿ ಕತ್ತಿನದೇ 6 ಅಡಿ. ಅಷ್ಟುದ್ದದ ಕತ್ತಿನಲ್ಲಿ ಮೂಳೆಗಳು ಏಳೇ ಏಳು. ನಮ್ಮ ನಿಮ್ಮ ಕತ್ತಿನಲ್ಲೂ ಏಳೇ. ಅಲ್ಲಿ ಒಂದೊಂದೂ ಗೇಣುದ್ದ ಬೆಳೆದಿದೆ ಅಷ್ಟೆ. ಆ ಎತ್ತರಕ್ಕೆ ರಕ್ತ ಏರಿಸಲು ಸುಮಾರು 11 ಕಿಲೊ ತೂಗುವ ಹೃದಯ ಬೇಕಾಗಿದೆ. ರಕ್ತದ ಒತ್ತಡ ನಮ್ಮದರ ಎರಡರಷ್ಟು. ಮನುಷ್ಯರಿಗಾದರೆ ಆ ಬಿ.ಪಿ. ನೋಡಿದ ಡಾಕ್ಟರು ನಿಂತ ನಿಲುವಿನಲ್ಲೇ ಅಡ್ಮಿಟ್ ಮಾಡಿಸುತ್ತಾರೆ. ಜಿರಾಫೆಗೆ ಅದೇ ಆರೋಗ್ಯ. ನೀರು ಕುಡಿಯಲು ಮುಂಗಾಲು ಅಗಲಿಸಿ ಬಗ್ಗಿದಾಗ ಅಷ್ಟೂ ರಕ್ತ ತಲೆಗೆ ನುಗ್ಗಬೇಕಿತ್ತು. ಕತ್ತಿನ ರಕ್ತನಾಳಗಳೊಳಗಿನ ಕವಾಟಗಳು, ಮಿದುಳಿನ ಬುಡದಲ್ಲಿರುವ ಸಣ್ಣ ನಾಳಗಳ ಬಲೆ ಎರಡೂ ಸೇರಿ ಅದನ್ನು ತಡೆಯುತ್ತವೆ. ಕಾಲಿನ ಚರ್ಮ ಬಿಗಿಯಾಗಿರುವುದರಿಂದ ಪಾದದಲ್ಲಿ ನೀರು ತುಂಬಿ ಊತ ಬರುವುದಿಲ್ಲ.

ಇಷ್ಟೆಲ್ಲ ಅಚ್ಚುಕಟ್ಟಿನ ನಡುವೆ ಒಂದು ಎಡವಟ್ಟೂ ಇದೆ. ಮಿದುಳಿನಿಂದ ಧ್ವನಿಪೆಟ್ಟಿಗೆಗೆ ಹೋಗುವ ನರವೊಂದು ನೇರ ಹೋಗುವುದಿಲ್ಲ. ಎದೆಯವರೆಗೆ ಇಳಿದು, ಹೃದಯದ ಹತ್ತಿರದ ದೊಡ್ಡ ರಕ್ತನಾಳವನ್ನು ಬಳಸಿ, ಮತ್ತೆ ಮೇಲೆ ಹತ್ತುತ್ತದೆ. ಕೂಗಳತೆಯೂ ಇಲ್ಲದ ದೂರಕ್ಕೆ ಸುಮಾರು 15 ಅಡಿಯ ಸುತ್ತು. ಮೀನಿನಂಥ ಪೂರ್ವಿಕರಿಂದ ಬಂದ ನಕ್ಷೆಯದು. ಅವುಗಳಿಗೆ ಕತ್ತೇ ಇರಲಿಲ್ಲವಾದ್ದರಿಂದ ಆ ದಾರಿ ಸುತ್ತಾಗಿರಲಿಲ್ಲ. ಕತ್ತು ಬೆಳೆದಂತೆ ನರವೂ ಎಳೆದುಕೊಂಡು ಹೋಯಿತು.

ಕತ್ತು ಉದ್ದವಾದದ್ದು ಯಾಕೆ ಎಂಬ ಜಗಳ ಇನ್ನೂ ಮುಗಿದಿಲ್ಲ. ಎತ್ತರದ ಎಲೆಗಾಗಿ ಎನ್ನುವುದು ಪಠ್ಯಪುಸ್ತಕದ ಉತ್ತರ. ಗಂಡುಗಳು ಕತ್ತನ್ನೇ ಬೀಸಿ ಒಂದನ್ನೊಂದು ಹೊಡೆಯುತ್ತವೆ, ಗೆದ್ದದ್ದಕ್ಕೆ ಹೆಣ್ಣು ಸಿಗುತ್ತದೆ, ಹಾಗಾಗಿ ಕತ್ತು ಬೆಳೆದದ್ದು ಕಾದಾಟಕ್ಕಾಗಿ ಎಂದು 1996ರಲ್ಲಿ ಸಿಮನ್ಸ್ ಮತ್ತು ಶೀಪರ್ಸ್ ಎಂಬ ಇಬ್ಬರು ವಾದಿಸಿದರು. 2024ರಲ್ಲಿ ಪ್ರಕಟವಾದ ಅಮೆರಿಕದ ಅಧ್ಯಯನವೊಂದು ಮೈಯಳತೆಗೆ ಹೋಲಿಸಿದರೆ ಹೆಣ್ಣಿನ ಕತ್ತೇ ಉದ್ದ ಎಂದು ತೋರಿಸಿ ಮತ್ತೆ ಎಲೆಯ ಕಡೆಗೆ ತಕ್ಕಡಿ ವಾಲಿಸಿತು. ಹದಿನೈದು ತಿಂಗಳು ಬಸಿರು ಹೊತ್ತು, ಹಾಲೂಡಿಸುವ ಹೆಣ್ಣಿಗೆ ಮೇವಿನ ಅಗತ್ಯ ಹೆಚ್ಚು ಎನ್ನುವುದು ಅವರ ತರ್ಕ. ಮನೆಯ ಹಸು ನೋಡಿದವರಿಗೆ ಇದು ಹೆಚ್ಚು ಒಪ್ಪಿಗೆಯಾದೀತು.

ಜಿರಾಫೆಯ ಕೀರ್ತಿಯೂ ಅದರಷ್ಟೇ ಎತ್ತರದ್ದು. ಜೂಲಿಯಸ್ ಸೀಸರ್ ಕ್ರಿ.ಪೂ. 46ರಲ್ಲಿ ಒಂದನ್ನು ರೋಮ್ ನಗರಕ್ಕೆ ತರಿಸಿದಾಗ ಜನ ಅದನ್ನು ಒಂಟೆ ಮತ್ತು ಚಿರತೆ ಸೇರಿದ ಪ್ರಾಣಿ ಎಂದುಕೊಂಡರು. ಹರಿಯನ್ನೂ ಹರನನ್ನೂ ಒಂದೇ ಮೂರ್ತಿಯಲ್ಲಿ ಕಡೆದು, 13ನೇ ಶತಮಾನದಿಂದ ಪೂಜೆ ಮಾಡಿಕೊಂಡು ಬಂದಿರುವ ಹರಿಹರದವರಿಗೆ ಇದೇನೂ ವಿಚಿತ್ರ ಅನ್ನಿಸಬಾರದು. 1414ರಲ್ಲಿ ಬಂಗಾಳದ ಸುಲ್ತಾನ ಚೀನಾದ ಚಕ್ರವರ್ತಿಗೆ ಜಿರಾಫೆಯೊಂದನ್ನು ಕಾಣಿಕೆ ಕಳಿಸಿದ. ಅಲ್ಲಿಯವರು ಅದನ್ನು ತಮ್ಮ ಪುರಾಣದ ಮಂಗಳಮೃಗವೇ ಬಂತೆಂದು ಸಂಭ್ರಮಿಸಿ ಚಿತ್ರ ಬರೆಸಿಟ್ಟರು. 1827ರಲ್ಲಿ ಈಜಿಪ್ಟಿನ ಪಾಷಾ ಫ್ರಾನ್ಸಿನ ದೊರೆಗೆ ಕಳಿಸಿದ ಹೆಣ್ಣು ಜಿರಾಫೆ ಮಾರ್ಸೇಯ್ ಬಂದರಿನಿಂದ ಪ್ಯಾರಿಸ್ಸಿಗೆ ನಡೆದೇ ಹೋಯಿತು. ಅದನ್ನು ನೋಡಿದ ಹೆಂಗಸರು ತುರುಬನ್ನೂ ಎತ್ತರಕ್ಕೆ ಕಟ್ಟತೊಡಗಿದರು. ಕೊನಾರ್ಕದ ಸೂರ್ಯ ದೇವಾಲಯದಲ್ಲೂ ಅರಸನೆದುರು ಜಿರಾಫೆ ನಿಂತಿರುವ ಕೆತ್ತನೆ ಇದೆ ಎಂದು ಮಾರ್ಗದರ್ಶಿಗಳು ತಪ್ಪದೆ ತೋರಿಸುತ್ತಾರೆ.

ಭಾರತಕ್ಕೂ ಜಿರಾಫೆಗೂ ಇದಕ್ಕಿಂತ ಹಳೆಯ ನಂಟಿದೆ. ಹಿಮಾಲಯದ ತಪ್ಪಲಿನ ಶಿವಾಲಿಕ್ ಗುಡ್ಡಗಳಲ್ಲಿ ಸಿಕ್ಕ ಪಳೆಯುಳಿಕೆಗಳಲ್ಲಿ ಅದರ ಬಂಧುಗಳಿವೆ. ಅವುಗಳಲ್ಲೊಂದಕ್ಕೆ ಫಾಲ್ಕನರ್ ಮತ್ತು ಕಾಟ್ಲಿ 1836ರಲ್ಲಿ ಶಿವನ ಹೆಸರು ಸೇರಿಸಿ ಸಿವಾಥೀರಿಯಂ ಎಂದು ಕರೆದರು. ಗಿಡ್ಡ ಕತ್ತು, ಭಾರೀ ಮೈ, ತಲೆಯ ಮೇಲೆ ನಾಲ್ಕು ಕೊಂಬು. ಅಂದರೆ ನಮ್ಮ ನೆಲದಲ್ಲೂ ಜಿರಾಫೆಯ ಕುಲ ಓಡಾಡಿಕೊಂಡಿತ್ತು. ಈಗ ಉಳಿದಿರುವುದು ಆಫ್ರಿಕದಲ್ಲಿ ಮಾತ್ರ, ಅಲ್ಲೂ ಒಂದು ಲಕ್ಷ ಚಿಲ್ಲರೆ.

ಇನ್ನು ಹೊಳೆ ದಾಟೋಣ. 1956ರವರೆಗೆ ಹರಿಹರದ ಬಳಿ ತುಂಗಭದ್ರೆಯೇ ಗಡಿ. ಈ ದಡ ಮೈಸೂರು ರಾಜ್ಯ, ಆ ದಡ ಮುಂಬಯಿ. ಆಚೆ ದಡದವರ ಬಾಯಲ್ಲಿ ಕೃಷ್ಣಮೃಗ ಚಿಗರಿ. ಹುಬ್ಬಳ್ಳಿ–ಧಾರವಾಡದ ನಡುವೆ ಓಡುವ ಬಿ.ಆರ್.ಟಿ.ಎಸ್. ಬಸ್ಸಿಗೂ ಅದೇ ಹೆಸರಿಟ್ಟಿದ್ದಾರೆ. ವೇಗಕ್ಕೆ ಆ ಭಾಗದ ಜನರಿಗೆ ಮೊದಲು ನೆನಪಾಗುವುದು ಚಿಗರಿಯೇ. ಕಣ್ಣು ಚೆಂದ ಇರುವ ಹುಡುಗಿಯನ್ನು ಹೊಗಳುವಾಗಲೂ ಅದೇ.

ಮೊದಲಿಗೆ ಒಂದು ವಿಷಯ ಸ್ಪಷ್ಟ ಮಾಡಬೇಕು. ಚಿಗರಿ ಚುಕ್ಕೆ ಜಿಂಕೆಯ ಕುಲದ್ದಲ್ಲ. ಆಕಳು, ಆಡುಗಳ ಬಳಗಕ್ಕೆ ಸೇರಿದ್ದು. ಚುಕ್ಕೆ ಜಿಂಕೆಯ ಕವಲುಗೊಂಬು ಬಿದ್ದುಹೋಗಿ ಮತ್ತೆ ಹುಟ್ಟುತ್ತದೆ. ಚಿಗರಿಯ ಕೊಂಬು ಒಳಗೆ ಮೂಳೆ, ಹೊರಗೆ ನಮ್ಮ ಉಗುರಿನ ಪದಾರ್ಥದ ಕವಚ. ಒಮ್ಮೆ ಬೆಳೆದರೆ ಸಾಯುವತನಕ ಉದುರುವುದಿಲ್ಲ, ಮುರಿದರೆ ಮತ್ತೆ ಬರುವುದೂ ಇಲ್ಲ. ಜಿರಾಫೆಯದು ಮೂರನೆಯ ಬಗೆ: ಚರ್ಮ, ಕೂದಲು ಹೊದ್ದ ಮೂಳೆಯ ಗೂಟ. ಚಿಗರಿಗಳಲ್ಲಿ ಕೊಂಬಿರುವುದು ಸಾಮಾನ್ಯವಾಗಿ ಗಂಡಿಗೆ ಮಾತ್ರ. ಹಗ್ಗ ಹೊಸೆದ ಹಾಗೆ ಮೂರು ನಾಲ್ಕು ಸುತ್ತು ತಿರುಚಿಕೊಂಡು, ಬುಡದಿಂದ ತುದಿಯವರೆಗೆ ಉಂಗುರಗಳು ಮೂಡಿ, ಎರಡಡಿಗೂ ಮೀರಿ ಬೆಳೆಯುತ್ತದೆ. ಪ್ರಾಣಿಯ ಎತ್ತರವೇ ಭುಜದವರೆಗೆ ಎರಡೂವರೆ ಅಡಿ, ತೂಕ 40 ಕಿಲೊದ ಆಜುಬಾಜು ಎಂಬುದನ್ನು ನೆನೆದರೆ ಇದು ಸಣ್ಣ ಹೊರೆಯಲ್ಲ.

ಮರಿ ಹುಟ್ಟುವಾಗ ಗಂಡೂ ಹೆಣ್ಣೂ ಒಂದೇ ಕಂದು ಬಣ್ಣ. ಗಂಡಿಗೆ ಎರಡು ಮೂರು ವರ್ಷ ತುಂಬುತ್ತಿದ್ದಂತೆ ಬೆನ್ನು ಕಪ್ಪೇರತೊಡಗುತ್ತದೆ. ಹೊಟ್ಟೆ, ಗದ್ದ, ಕಣ್ಣಿನ ಸುತ್ತ ಮಾತ್ರ ಬೆಳ್ಳಗೆ ಉಳಿಯುತ್ತದೆ. ದಕ್ಷಿಣದ ಗಂಡುಗಳು ಉತ್ತರದವುಗಳಷ್ಟು ಅಪ್ಪಟ ಕಪ್ಪಾಗುವುದು ಕಡಿಮೆ. ರಾಣೆಬೆನ್ನೂರಿನಲ್ಲಿ ಕಾಣುವ ಬಹಳಷ್ಟು ಗಂಡುಗಳು ಕಾಫಿಬೀಜದ ಕಂದು. ನೆಲ ಹಿಡಿದು ಯಜಮಾನಿಕೆ ನಡೆಸುವ ಗಂಡಿಗೆ ಬಣ್ಣ ಗಾಢ, ಪಡ್ಡೆಗಳ ಗುಂಪಿನಲ್ಲಿ ತಿರುಗುವುದಕ್ಕೆ ತಿಳಿ. ಬಣ್ಣ ನೋಡಿಯೇ ದರ್ಜೆ ಹೇಳಬಹುದು.

ನೆಲ ಹಿಡಿಯುವುದು ಎಂದರೇನೆಂದು ಹತ್ತಿರದಿಂದ ನೋಡಬೇಕು. ಹುಲ್ಲಿನ ನಡುವೆ ಒಂದು ಬೋಳು ಜಾಗ, ಅಲ್ಲಿ ಹಿಕ್ಕೆಯ ಗುಪ್ಪೆ. ಮೇಲ್ಪದರದ್ದು ಹಸಿ, ಹೊಳೆಯುವ ಕಪ್ಪು. ಕೆಳಗಿನದು ಒಣಗಿ ಬಿಸಿಲಿಗೆ ಬೂದಿಯಾದದ್ದು. ಗಂಡು ದಿನವೂ ಅದೇ ಗುಪ್ಪೆಗೆ ಬಂದು, ಮುಂಗಾಲಿನಿಂದ ಕೆದರಿ, ಅಲ್ಲೇ ಹಿಕ್ಕೆ ಹಾಕುತ್ತದೆ. ಕಣ್ಣಿನ ಕೆಳಗೆ ಒಂದು ಸೀಳಿದೆ, ಅದೊಂದು ಗ್ರಂಥಿ. ಅದನ್ನು ಅಗಲಿಸಿ ಹುಲ್ಲುಕಡ್ಡಿಯ ತುದಿಗೋ ಜಾಲಿಯ ಟೊಂಗೆಗೋ ನಾಜೂಕಾಗಿ ಉಜ್ಜುತ್ತದೆ. ಕಡ್ಡಿಯ ತುದಿಯಲ್ಲಿ ಕಪ್ಪನೆಯ ಅಂಟು ಉಳಿಯುತ್ತದೆ. ಇದು ಇಂಥವನ ಜಾಗ ಎಂಬುದಕ್ಕೆ ವಾಸನೆಯ ಗುರುತು. ಹೆಣ್ಣುಗಳ ಹಿಂಡು ಹತ್ತಿರ ಬಂತೋ, ಗಂಡಿನ ನಡಿಗೆಯೇ ಬದಲಾಗುತ್ತದೆ. ಮೂತಿ ಆಕಾಶಕ್ಕೆ, ಕೊಂಬು ಬೆನ್ನಿಗೆ ತಾಗುವಂತೆ ಹಿಂದಕ್ಕೆ, ಕಿವಿ ಕೆಳಗೆ, ಬಾಲ ಮೇಲೆ ಸುರುಳಿ, ಗಂಟಲಿನಿಂದ ಗೊರಗೊರ ಸದ್ದು. ಒಂದೊಂದೇ ಹೆಜ್ಜೆ ಎಣಿಸಿದಂತೆ ಇಡುತ್ತ ಸುತ್ತುತ್ತದೆ. ಹೆಣ್ಣು ಸಾಮಾನ್ಯವಾಗಿ ಮೇಯುತ್ತಲೇ ಇರುತ್ತದೆ.

ಗುಜರಾತಿನ ವೇಳಾವದರದಂಥ ಕಡೆ, ಚಿಗರಿಗಳು ತೀರ ದಟ್ಟವಾಗಿರುವಲ್ಲಿ, ಹತ್ತಾರು ಗಂಡುಗಳು ಒತ್ತೊತ್ತಾಗಿ ಸಣ್ಣ ಸಣ್ಣ ಜಾಗ ಹಿಡಿದು ನಿಲ್ಲುತ್ತವೆ. ಆ ಜಾಗದಲ್ಲಿ ಮೇವಿಲ್ಲ, ನೀರಿಲ್ಲ. ಇರುವುದು ಗಂಡುಗಳು ಮಾತ್ರ. ಹೆಣ್ಣುಗಳು ಸಂತೆಗೆ ಬಂದಂತೆ ಬಂದು, ಎಲ್ಲರನ್ನೂ ನೋಡಿ, ಒಬ್ಬನನ್ನು ಆರಿಸಿ ಹೋಗುತ್ತವೆ. ಬಹುಪಾಲು ಗಂಡುಗಳಿಗೆ ಆ ಹಂಗಾಮಿನಲ್ಲಿ ಏನೂ ಗಿಟ್ಟುವುದಿಲ್ಲ. ಅಪರೂಪಕ್ಕೆ ಸೇರಿ ಕೊಂಬು ಹೆಣೆದು ಕಾದಾಡುತ್ತವೆ. ತಿರುಚಿದ ಕೊಂಬು ಇರುವುದೇ ಎದುರಾಳಿಯ ಕೊಂಬನ್ನು ಹಿಡಿದು ನೂಕಲಿಕ್ಕೆ. ಜಿರಾಫೆಗೆ ಕತ್ತು ಹೇಗೋ ಚಿಗರಿಗೆ ಕೊಂಬು ಹಾಗೆ.

ಆರು ತಿಂಗಳಿನ ಆಸುಪಾಸಿನ ಬಸಿರು, ಒಂದೇ ಮರಿ. ತಾಯಿ ಅದನ್ನು ಎತ್ತರದ ಹುಲ್ಲಿನಲ್ಲಿ ಮಲಗಿಸಿ ದೂರ ಹೋಗಿ ಮೇಯುತ್ತದೆ. ಮರಿ ಅಲ್ಲಾಡದೆ ಬಿದ್ದಿರುತ್ತದೆ. ಇದನ್ನು ಕಂಡ ಜನ ತಾಯಿ ಬಿಟ್ಟ ಮರಿ ಎಂದುಕೊಂಡು ಕನಿಕರದಿಂದ ಎತ್ತಿಕೊಂಡು ಬಂದು ಬಾಟಲಿ ಹಾಲು ಕುಡಿಸಲು ಹೋಗುತ್ತಾರೆ. ದಯವಿಟ್ಟು ಹಾಗೆ ಮಾಡಬಾರದು. ತಾಯಿ ಅಲ್ಲೇ ಎಲ್ಲೋ ಇರುತ್ತದೆ, ಮರಿಯ ಸುಳಿವು ತೋಳಕ್ಕೆ ಹತ್ತದಿರಲೆಂದೇ ದೂರ ಇರುತ್ತದೆ.

ಓಟದ ವಿಷಯಕ್ಕೆ ಬಂದರೆ ಗಂಟೆಗೆ 80 ಕಿಲೋಮೀಟರ್. ಅಪಾಯ ಕಂಡಾಗ ಮೊದಲು ಒಂದು ಹೆಣ್ಣು ನೆಟ್ಟಗೆ ಮೇಲಕ್ಕೆ ಜಿಗಿಯುತ್ತದೆ, ಮರುಕ್ಷಣ ಹಿಂಡಿಗೆ ಹಿಂಡೇ ಪುಟಿಯತೊಡಗುತ್ತದೆ, ಆಮೇಲೆ ಓಟ. ತೋಳಕ್ಕಾಗಲಿ ನಾಯಿಗಾಗಲಿ ಇಷ್ಟು ವೇಗ ಬೇಕಿಲ್ಲ. ಇದು ಚೀತಾಗಳ ಕಾಲದ ಆಸ್ತಿ ಎಂದು ಬಲ್ಲವರು ಹೇಳುತ್ತಾರೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಾಗ ಟಿಪ್ಪುವಿನ ಬಳಿ ಪಳಗಿಸಿದ ಬೇಟೆಯ ಚೀತಾಗಳಿದ್ದವು. ಕೊಲ್ಹಾಪುರದ ಅರಸರು 20ನೇ ಶತಮಾನದಲ್ಲೂ ಬಂಡಿಯಲ್ಲಿ ಚೀತಾ ಒಯ್ದು, ಕಣ್ಣಿನ ಪಟ್ಟಿ ಬಿಚ್ಚಿ, ಚಿಗರಿಯ ಮೇಲೆ ಬಿಡುತ್ತಿದ್ದರು. 1947ರಲ್ಲಿ ಮಧ್ಯ ಭಾರತದಲ್ಲಿ ಕೊನೆಯವು ಗುಂಡಿಗೆ ಬಿದ್ದವು, 1952ರಲ್ಲಿ ಸರ್ಕಾರ ಚೀತಾ ಅಳಿಯಿತೆಂದು ಘೋಷಿಸಿತು. ಅಟ್ಟುವವನು ಹೋಗಿ ಮುಕ್ಕಾಲು ಶತಮಾನವಾಯಿತು, ಚಿಗರಿ ಇನ್ನೂ ಅದೇ ಓಟ ಓಡುತ್ತಿದೆ.

ಸಂಸ್ಕೃತಿಯ ಲೆಕ್ಕ ತೆಗೆದರೆ ಜಿರಾಫೆ ಚಿಗರಿಯ ಮುಂದೆ ನಿಲ್ಲಲಾರದು. ಉಪನಯನದ ದಿನ ವಟುವಿನ ಜನಿವಾರಕ್ಕೆ ಕೃಷ್ಣಾಜಿನದ ಚೂರು ಕಟ್ಟುತ್ತಾರೆ. ದಕ್ಷಿಣದ ಶಿಲ್ಪಗಳಲ್ಲಿ ಶಿವನ ಒಂದು ಕೈಯಲ್ಲಿ ಜಿಗಿಯುವ ಮೃಗವಿದೆ. ವಾಯುವಿಗೆ ಅದು ವಾಹನ. ಕಾಳಿದಾಸನ ಶಾಕುಂತಲ ನಾಟಕ ಶುರುವಾಗುವುದೇ ದುಷ್ಯಂತ ಕೃಷ್ಣಮೃಗವನ್ನು ಬೆನ್ನಟ್ಟಿ ಬರುವುದರಿಂದ. ಕೃಷ್ಣಮೃಗ ತಾನಾಗಿ ಅಡ್ಡಾಡುವ ನೆಲವೇ ಯಜ್ಞಕ್ಕೆ ಯೋಗ್ಯ ಎನ್ನುತ್ತದೆ ಮನುಸ್ಮೃತಿ. ಆ ಮಾತನ್ನು ಮಡಿ–ಮೈಲಿಗೆಯ ಗಡಿಯಾಗಿ ಓದಿದವರು ಬಹಳ, ಹುಲ್ಲುಗಾವಲಿನ ನಕ್ಷೆಯಾಗಿ ಓದಿದವರು ಕಡಿಮೆ. ರಾಜಸ್ಥಾನದ ಬಿಷ್ಣೋಯಿ ಜನ ಅದನ್ನು ಮಕ್ಕಳಂತೆ ಕಾಯುತ್ತಾರೆ. 1998ರಲ್ಲಿ ಅಲ್ಲಿ ನಡೆದ ಬೇಟೆಗಾಗಿ ಹಿಂದಿ ಚಿತ್ರನಟರೊಬ್ಬರಿಗೆ 2018ರಲ್ಲಿ ಕೆಳಹಂತದ ನ್ಯಾಯಾಲಯ ಶಿಕ್ಷೆ ವಿಧಿಸಿದ್ದನ್ನು ಎಲ್ಲರೂ ಬಲ್ಲರು. ಇಷ್ಟೆಲ್ಲ ಇದ್ದೂ ಶಾಲೆಯ ಮಗುವಿಗೆ ಅದರ ಹೆಸರು ಬಾರದು. ಪೂಜೆಗೂ ಪರಿಚಯಕ್ಕೂ ಇಷ್ಟು ಅಂತರ ನಮ್ಮಲ್ಲೇ ಸಾಧ್ಯವೇನೋ.

ರಾಣೆಬೆನ್ನೂರಿನಲ್ಲಿ 1974ರಲ್ಲಿ 119 ಚದರ ಕಿಲೋಮೀಟರ್ ಜಾಗವನ್ನು ಕೃಷ್ಣಮೃಗ ಅಭಯಾರಣ್ಯವೆಂದು ಸಾರಿದರು. ಅದರಲ್ಲಿ ತಿರುಳಿನ ವಲಯ 14.87 ಚದರ ಕಿಲೋಮೀಟರ್. ಚಿಗರಿಗಳಂತೂ ಸಾವಿರಗಳ ಲೆಕ್ಕದಲ್ಲಿ ಉಳಿದುಕೊಂಡವು, ಅದೊಂದು ಗೆಲುವೇ. ಆದರೆ ಅದೇ ಬಯಲಿನಲ್ಲಿದ್ದ ಎರೆಭೂತ ಹಕ್ಕಿ ಉಳಿಯಲಿಲ್ಲ. ಸುಮಾರು ಒಂದು ಮೀಟರ್ ಎತ್ತರ ನಿಲ್ಲುವ, ಹಾರುವ ಹಕ್ಕಿಗಳಲ್ಲಿ ತೀರ ಭಾರದವುಗಳ ಸಾಲಿಗೆ ಸೇರುವ ಈ ಹಕ್ಕಿಗೆ ಬೇಕಾದದ್ದು ದಿಗಂತದವರೆಗೆ ಕಣ್ಣು ಹರಿಯುವ ಬಟಾಬಯಲು. ಅಭಯಾರಣ್ಯದ ಬಹುಭಾಗದಲ್ಲಿ ಎದ್ದುನಿಂತದ್ದು ನೀಲಗಿರಿ ತೋಪು. ಹುಲ್ಲಿನ ನೆಲ ಕಂಡರೆ ನಮ್ಮ ಅಧಿಕಾರಿಗಳಿಗೂ ಜನರಿಗೂ ಕೈ ಕಡಿಯುತ್ತದೆ. ಖಾಲಿ ಬಿದ್ದಿದೆ, ಗಿಡ ಹಾಕೋಣ ಅನ್ನುತ್ತಾರೆ. ಸಸಿ ಚಿಕ್ಕದಿದ್ದಾಗ ತೊಂದರೆ ಕಾಣುವುದಿಲ್ಲ. ಕಾವಲು ಇರುವುದರಿಂದ ಹುಲ್ಲೂ ಚೆನ್ನಾಗಿ ಬರುತ್ತದೆ. ಮರ ಬೆಳೆದು ನೆರಳು ಕೂಡಿಕೊಂಡ ಮೇಲೆ ಕೆಳಗೆ ಹುಲ್ಲಿಲ್ಲ. ಚಿಗರಿ ಅಂಚಿಗೆ ಸರಿಯುತ್ತದೆ. ಅಂಚಿನಾಚೆ ಇರುವುದು ಹೊಲ.

ನೀಲಗಿರಿಯ ಕತೆಗೆ ಹರಿಹರದ ಹೆಸರೂ ಅಂಟಿಕೊಂಡಿದೆ. ಹೊಳೆಯ ಆ ದಂಡೆಯ ಕುಮಾರಪಟ್ಟಣದಲ್ಲಿ 1970ರ ದಶಕದಲ್ಲಿ ಶುರುವಾದ ಹರಿಹರ ಪಾಲಿಫೈಬರ್ಸ್ ಕಾರ್ಖಾನೆಗೆ ಮರವೇ ಕಚ್ಚಾಮಾಲು. 1984ರಲ್ಲಿ ಸರ್ಕಾರ ಅದರ ಜೊತೆ ಸೇರಿ ಕರ್ನಾಟಕ ಪಲ್ಪ್‌ವುಡ್ ಎಂಬ ಕಂಪನಿ ಕಟ್ಟಿ, ಸುಮಾರು 30,000 ಹೆಕ್ಟೇರ್ ಸಾಮುದಾಯಿಕ ಜಮೀನನ್ನು ನೀಲಗಿರಿಗಾಗಿ ಕೊಡಲು ಮುಂದಾಯಿತು. ಕಾಗದದ ಮೇಲೆ ಅದು ಪಾಳು ಭೂಮಿ. ಹಳ್ಳಿಯವರಿಗೆ ಅದು ದನ ಮೇಯುವ, ಸೌದೆ ಆಯುವ ಜಾಗ. 1987ರ ನವೆಂಬರ್ 14ರಂದು ಹಾನಗಲ್ ತಾಲ್ಲೂಕಿನ ಕುಸನೂರಿನಲ್ಲಿ ಜನ ನೀಲಗಿರಿ ಸಸಿಗಳನ್ನು ಕಿತ್ತು, ಆ ಜಾಗದಲ್ಲಿ ತಮಗೆ ಬೇಕಾದ ಗಿಡ ನೆಟ್ಟರು. ‘ಕಿತ್ತಿಕೋ ಹಚ್ಚಿಕೋ’ ಎಂದೇ ಆ ಸತ್ಯಾಗ್ರಹಕ್ಕೆ ಹೆಸರು. ಸಮಾಜ ಪರಿವರ್ತನ ಸಮುದಾಯದ ಎಸ್.ಆರ್. ಹಿರೇಮಠರು ಮುಂದಾಳು, ಸುಪ್ರೀಂ ಕೋರ್ಟಿನ ಅರ್ಜಿಯಲ್ಲಿ ಶಿವರಾಮ ಕಾರಂತರ ಹೆಸರಿತ್ತು. 1991ರಲ್ಲಿ ಕಂಪನಿ ಮುಚ್ಚಿತು. 2017ರಲ್ಲಿ ಹೊಸದಾಗಿ ನೀಲಗಿರಿ ನೆಡುವುದನ್ನೇ ಸರ್ಕಾರ ನಿಷೇಧಿಸಿತು. ಅಂದು ಜನ ಹೋರಾಡಿದ್ದು ಚಿಗರಿಗಾಗಿ ಅಲ್ಲ, ದನದ ಮೇವಿಗಾಗಿ. ಎರಡಕ್ಕೂ ಬೇಕಾದ ನೆಲ ಮಾತ್ರ ಒಂದೇ.

ಹೊಲದ ಮಾತು ಬಿಟ್ಟರೆ ಈ ಲೇಖನ ಅರ್ಧ ಸುಳ್ಳಾಗುತ್ತದೆ. ಮುಂಗಾರು ಹಿಡಿದು ಮೆಕ್ಕೆಜೋಳ, ಶೇಂಗಾ ಮೊಳೆತು ನಾಲ್ಕೆಲೆ ಬಿಟ್ಟಾಗ ಚಿಗರಿ ಹಿಂಡು ರಾತ್ರಿ ಇಳಿಯುತ್ತದೆ. ಬೆಳೆದ ಮೆಕ್ಕೆಜೋಳದ ತಂಟೆಗೆ ಹೆಚ್ಚು ಬರುವುದಿಲ್ಲ, ಎಳೆಯದು ಕಂಡರೆ ಬಿಡುವುದಿಲ್ಲ. ಒಂದು ಹಿಂಡು ಹಾದುಹೋದರೆ ಮತ್ತೆ ಬಿತ್ತಬೇಕು. ಬೀಜ, ಗೊಬ್ಬರ, ಕೂಲಿ ಎಲ್ಲ ಎರಡನೇ ಸಲ. ಬದುವಿನ ಉದ್ದಕ್ಕೂ ಹಳೇ ಸೀರೆ ಕಟ್ಟುತ್ತಾರೆ, ಅಟ್ಟಣಿಗೆ ಹಾಕಿ ತಗಡು ಬಡಿಯುತ್ತ ಕೂರುತ್ತಾರೆ. ‘ಹಗಲಾಗ ನೋಡಾಕ ಭಾಳ ಚಂದ್ರೀ, ರಾತ್ರಿ ನಮ್ಮ ಹೊಲದಾಗ ಬಂದ್ರ ಮಾತ್ರ ಹೊಟ್ಟಿ ಉರೀತೈತಿ’ ಅನ್ನುವುದು ಆ ಕಡೆಯ ರೈತರ ಮಾತು. ಬೆಳೆ ಪರಿಹಾರ ಇದೆ. ಅರ್ಜಿ, ಫೋಟೊ, ಪಹಣಿ, ಓಡಾಟ ಮುಗಿಯುವಷ್ಟರಲ್ಲಿ ಹಂಗಾಮು ಮುಗಿದಿರುತ್ತದೆ. ಹಾಗಿದ್ದೂ ಚಿಗರಿ ಅಲ್ಲಿ ಉಳಿದಿರುವುದು ಮುಖ್ಯವಾಗಿ ಈ ರೈತರ ಸಹನೆಯಿಂದ. ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲ ಪರಿಚ್ಛೇದದಲ್ಲಿ ಹೆಸರಿರುವುದು ಸರಿ, ಆದರೆ ಕಾಯ್ದೆ ರಾತ್ರಿ ಹೊಲ ಕಾಯುವುದಿಲ್ಲ. ಚಿಗರಿಯ ಖರ್ಚನ್ನು ಊರವರು ಕೊಡುತ್ತಾರೆ, ಹೆಮ್ಮೆಯನ್ನು ನಾವು ಹಂಚಿಕೊಳ್ಳುತ್ತೇವೆ.

ಕೊಂಡುಕುರಿಯ ಬಗ್ಗೆ ಹೇಳಲು ಕಡಿಮೆ ಇದೆ, ಯಾಕೆಂದರೆ ನೋಡಿದವರೇ ಕಡಿಮೆ. ಗಂಡಿನ ತಲೆಯಲ್ಲಿ ನಾಲ್ಕು ಕೊಂಬು: ಕಿವಿಗಳ ನಡುವೆ ಬೆರಳುದ್ದದ ಜೋಡಿ, ಹಣೆಯ ಮೇಲೆ ಅದಕ್ಕಿಂತ ಗಿಡ್ಡದ ಇನ್ನೊಂದು ಜೋಡಿ. ಕಾಡಿನಲ್ಲಿ ಬದುಕಿರುವ ಸಸ್ತನಿಗಳಲ್ಲಿ ಸಹಜವಾಗಿ ನಾಲ್ಕು ಕೊಂಬಿರುವುದು ಇದೊಂದಕ್ಕೇ. ಎತ್ತರ ಎರಡಡಿ, ತೂಕ ಸುಮಾರು 20 ಕಿಲೊ. ಹಿಂಡು ಕಟ್ಟುವುದಿಲ್ಲ; ಒಂಟಿ, ಹೆಚ್ಚೆಂದರೆ ಜೋಡಿ. ಜಾಲಿ, ಕಾರೆ, ತಂಗಡಿಯ ಪೊದೆಗಳ ನಡುವೆ ತಲೆ ತಗ್ಗಿಸಿ ನಡೆಯುತ್ತದೆ, ಸದ್ದಾದರೆ ಕಲ್ಲಿನಂತೆ ನಿಂತುಬಿಡುತ್ತದೆ, ತೀರ ಹತ್ತಿರ ಬಂದರೆ ನಾಲ್ಕು ನೆಗೆತಕ್ಕೆ ಮಾಯ. ಚಿಗರಿಯ ಹಾಗೆ ಇದೂ ಒಂದೇ ಜಾಗದಲ್ಲಿ ಹಿಕ್ಕೆ ಹಾಕುತ್ತದೆ; ಅಧ್ಯಯನ ಮಾಡುವವರು ಹೆಚ್ಚಾಗಿ ಪ್ರಾಣಿಯನ್ನಲ್ಲ, ಹಿಕ್ಕೆಯನ್ನೇ ಲೆಕ್ಕ ಹಾಕುತ್ತಾರೆ. ನೀರು ಬಿಟ್ಟು ದೂರ ಇರಲಾರದು, ಜಗಳೂರಿನಂಥ ಬರದ ಸೀಮೆಯಲ್ಲಿ ಅದೊಂದು ಕಷ್ಟ. 2011ರಲ್ಲಿ ರಂಗಯ್ಯನದುರ್ಗದ ಸುಮಾರು 77 ಚದರ ಕಿಲೋಮೀಟರ್ ಕುರುಚಲು ಕಾಡನ್ನು ಇದಕ್ಕಾಗಿ ಅಭಯಾರಣ್ಯ ಮಾಡಿದರು. ದಾವಣಗೆರೆ ಜಿಲ್ಲೆಯ ಹೆಮ್ಮೆಗಳ ಪಟ್ಟಿಯಲ್ಲಿ ಇದನ್ನು ನಾನು ಅಷ್ಟಾಗಿ ಕಂಡಿಲ್ಲ.

ಚಿಗರಿಗೆ ಉಳಿದಿದ್ದ ಇನ್ನೊಂದು ಆಸರೆ ಅಮೃತ ಮಹಲ್ ಕಾವಲುಗಳು. ಮೈಸೂರು ಅರಸರು ದಂಡಿನ ಎತ್ತುಗಳಿಗೆಂದು ಬಿಟ್ಟ ಈ ಹುಲ್ಲುಗಾವಲುಗಳು ಒಂದು ಕಾಲಕ್ಕೆ 4 ಲಕ್ಷ ಎಕರೆ ದಾಟಿದ್ದವು. ಉಳಬಾರದು, ದನ ಮಾತ್ರ ಮೇಯಬೇಕು ಎಂಬ ಕಟ್ಟಳೆಯಿಂದ ಹುಲ್ಲು ಉಳಿಯಿತು, ಹುಲ್ಲಿನ ಜೊತೆಗೆ ಚಿಗರಿಯೂ ಉಳಿಯಿತು. ಪಕ್ಕದ ಚಳ್ಳಕೆರೆಯಲ್ಲಿ ಸುಮಾರು 10,000 ಎಕರೆ ಕಾವಲು ಕಳೆದ ಎರಡು ದಶಕಗಳ ಒಳಗೆ ರಕ್ಷಣೆ, ಬಾಹ್ಯಾಕಾಶ, ಅಣುಶಕ್ತಿ ಸಂಸ್ಥೆಗಳಿಗೆ ಹೋಯಿತು. ದೇಶಕ್ಕೆ ಆ ಸಂಸ್ಥೆಗಳು ಬೇಡವೆಂದು ಯಾರೂ ಹೇಳುವುದಿಲ್ಲ. ಅಲ್ಲೇನೂ ಇರಲಿಲ್ಲ ಎಂದು ಮಾತ್ರ ಹೇಳಬಾರದು. ಕಾಡು ಕಡಿದರೆ ಪತ್ರಿಕೆಯಲ್ಲಿ ಸುದ್ದಿಯಾಗುತ್ತದೆ, ಹುಲ್ಲುಗಾವಲಿಗೆ ಬೇಲಿ ಬಿದ್ದರೆ ಅದು ಅಭಿವೃದ್ಧಿಯ ಪುಟದಲ್ಲಿ ಬರುತ್ತದೆ. ಸರ್ಕಾರದ ಪಾಳುಭೂಮಿ ನಕಾಶೆಯಲ್ಲಿ ಕುರುಚಲು ನೆಲ ಇವತ್ತಿಗೂ ಪಾಳು ಎಂದೇ ಎಣಿಕೆಯಾಗುತ್ತದೆ.

ಜಿರಾಫೆಯನ್ನು ಪ್ರೀತಿಸುವುದರಲ್ಲಿ ತಪ್ಪೇನೂ ಇಲ್ಲ. ಅದು ಪ್ರೀತಿ ಗಿಟ್ಟಿಸುವಂತೆಯೇ ಹುಟ್ಟಿದೆ. ಮೈಸೂರಿನ ಮೃಗಾಲಯವೂ ಅದನ್ನು ಚೆನ್ನಾಗಿ ಸಾಕಿದೆ. ನನ್ನ ತಕರಾರು ಇಷ್ಟೇ: ಜಿರಾಫೆಗೆ ಬೇಕಾದ ಎಲೆಯನ್ನು ಯಾರೋ ತಂದು ಕಟ್ಟುತ್ತಾರೆ, ಚಿಗರಿಗೆ ಬೇಕಾದದ್ದು ನಾವು ಸುಮ್ಮನೆ ಬಿಡುವ ಬಯಲು. ತಂದುಕೊಡುವುದು ನಮಗೆ ಗೊತ್ತು, ಬಿಡುವುದು ಗೊತ್ತಿಲ್ಲ.

ಚಿಗರಿ ನೋಡಲು ಹೋಗುವವರಿಗೆ ಒಂದೆರಡು ಮಾತು. ಅರಣ್ಯ ಇಲಾಖೆಯ ಅನುಮತಿ ಪಡೆದು ಹೋಗಿ. ಬಿಸಿಲೇರುವ ಮೊದಲು ಹೋಗಿ, ವಾಹನದಿಂದ ಇಳಿಯಬೇಡಿ, ವಿಡಿಯೊಗಾಗಿ ಬೈಕಿನಲ್ಲಿ ಅಟ್ಟಬೇಡಿ. ಬಸಿರಾದ ಹೆಣ್ಣಿಗೆ ಆ ಓಟ ಪ್ರಾಣಕ್ಕೆ ಬರುತ್ತದೆ. ಊರನಾಯಿಗಳನ್ನು ಕಟ್ಟಿಹಾಕುವುದು ಸುತ್ತಲ ಹಳ್ಳಿಗಳವರು ಮಾಡಬಹುದಾದ ದೊಡ್ಡ ಉಪಕಾರ.

ಇನ್ನೊಂದು ಮಾತು ಗ್ರಾಮ ಪಂಚಾಯಿತಿಗಳಿಗೂ, ಪರಿಸರ ದಿನದಂದು ಸಸಿ ಹಿಡಿದು ಫೋಟೊ ತೆಗೆಸಿಕೊಳ್ಳುವ ಸಂಘಗಳಿಗೂ. ಗಿಡ ನೆಡಲು ಶಾಲೆಯ ಅಂಗಳವಿದೆ, ರಸ್ತೆಯ ಬದಿಯಿದೆ, ಹೊಲದ ಬದುವಿದೆ. ಗೋಮಾಳಕ್ಕೆ ಗುಂಡಿ ತೋಡುವ ಮೊದಲು ಒಮ್ಮೆ ಆ ನೆಲದಲ್ಲಿ ನಡೆದು ನೋಡಿ. ಹಿಕ್ಕೆಯ ಗುಪ್ಪೆ ಕಂಡರೆ ಅಲ್ಲಿ ಗಿಡ ಹಾಕಬೇಡಿ.